ಜಮೀನಿನ ತಕರಾರಿಗೆ ಕ್ರಿಮಿನಲ್ ಕೇಸು ಬಿದ್ದರೆ: ರದ್ದು ಮಾಡಿಸುವ ದಾರಿ, ಹಂತ ಹಂತವಾಗಿ

ಬದುವಿನ ಜಗಳ, ದಾಯಾದಿಗಳ ಹಿಸ್ಸೆ ಜಗಳ, ಅಗ್ರಿಮೆಂಟ್ ಆಗಿ ರಿಜಿಸ್ಟ್ರೇಷನ್ ಆಗದೇ ಉಳಿದ ಸೈಟಿನ ಜಗಳ. ಇವೆಲ್ಲ ಸಿವಿಲ್ ಕೋರ್ಟಿನಲ್ಲಿ ತೀರ್ಮಾನ ಆಗಬೇಕಾದ ವಿಷಯಗಳು. ಆದರೆ ಸಿವಿಲ್ ದಾವೆ ವರ್ಷಗಟ್ಟಲೆ ಎಳೆಯುತ್ತದೆ. ಕೋರ್ಟ್ ಶುಲ್ಕ ಕಟ್ಟಬೇಕು, ದಾಖಲೆ ತೋರಿಸಬೇಕು, ವಾಯಿದೆಗೆ ಅಲೆಯಬೇಕು. ಪೊಲೀಸ್ ದೂರಿಗೆ ಎರಡು ಹಾಳೆ ಸಾಕು. ಮಾರನೇ ದಿನವೇ ಎದುರಿನವರಿಗೆ ಸ್ಟೇಷನ್‌ನಿಂದ ಫೋನ್ ಹೋಗುತ್ತದೆ. ಜೈಲಿನ ಭಯ ಹುಟ್ಟಿಸಿದರೆ ಜಮೀನು ಬಿಟ್ಟುಕೊಡುತ್ತಾರೆ, ಇಲ್ಲವೇ ಕೇಳಿದಷ್ಟು ಕೊಟ್ಟು ಕೈ ಮುಗಿಯುತ್ತಾರೆ ಅನ್ನುವ ಲೆಕ್ಕಾಚಾರ.

ಕೋರ್ಟುಗಳಿಗೆ ಈ ಲೆಕ್ಕಾಚಾರ ಹೊಸದಲ್ಲ. ಸಿವಿಲ್ ತಕರಾರುಗಳನ್ನು ಕ್ರಿಮಿನಲ್ ಕೇಸುಗಳಾಗಿ ಮಾಡುವ ಚಾಳಿ ಹೆಚ್ಚುತ್ತಿದೆ ಎಂದು ಸುಪ್ರೀಂ ಕೋರ್ಟ್ 2006ರಲ್ಲೇ, ಇಂಡಿಯನ್ ಆಯಿಲ್ ಕಾರ್ಪೊರೇಷನ್ ಮತ್ತು ಎನ್‌ಇಪಿಸಿ ಇಂಡಿಯಾ ನಡುವಿನ ಪ್ರಕರಣದಲ್ಲಿ ಬೇಸರದಿಂದ ಹೇಳಿತ್ತು. ಅದಕ್ಕೂ ಮೊದಲು, ಹರಿಯಾಣ ಸರ್ಕಾರ ಮತ್ತು ಭಜನ್ ಲಾಲ್ ಪ್ರಕರಣದಲ್ಲಿ, ಯಾವ ಯಾವ ಸಂದರ್ಭದಲ್ಲಿ ಎಫ್‌ಐಆರ್ ರದ್ದು ಮಾಡಬಹುದು ಎಂದು ಏಳು ಬಗೆ ಗುರುತಿಸಿತ್ತು. ಅದರಲ್ಲಿ ಏಳನೆಯದು, ವೈಯಕ್ತಿಕ ದ್ವೇಷ ತೀರಿಸಿಕೊಳ್ಳಲು ದುರುದ್ದೇಶದಿಂದ ಹೂಡಿದ ಕೇಸು.

ಆದರೆ ಇಲ್ಲೊಂದು ತಿರುವಿದೆ. ಆರೋಪಿಯಾದ ಬಹಳ ಜನ ಈ ಏಳನೆಯ ಬಗೆಯನ್ನೇ ಹಿಡಿದುಕೊಂಡು ಹೈಕೋರ್ಟಿಗೆ ಓಡುತ್ತಾರೆ. 'ಅವನಿಗೆ ನಮ್ಮ ಮೇಲೆ ಹೊಟ್ಟೆಕಿಚ್ಚು, ಅದಕ್ಕೇ ಕೇಸು ಹಾಕಿದ್ದಾನೆ' ಎಂದು ಹತ್ತು ಪುಟ ಬರೆಸುತ್ತಾರೆ. ಅದೊಂದರಿಂದಲೇ ಕೇಸು ರದ್ದಾಗುವುದಿಲ್ಲ. ದ್ವೇಷ ಇರುವವನಿಗೂ ನಿಜವಾಗಿ ಮೋಸ ಆಗಿರಬಹುದಲ್ವಾ? ಕೋರ್ಟ್ ಮೊದಲು ನೋಡುವುದು, ದೂರಿನಲ್ಲಿ ಬರೆದದ್ದೆಲ್ಲ ನಿಜ ಎಂದೇ ಇಟ್ಟುಕೊಂಡರೂ ಅಪರಾಧ ಆಗುತ್ತದೆಯೇ ಎಂದು. ಆಗುವುದಿಲ್ಲ ಅಂತ ಕಂಡಮೇಲೆ, ಹಾಗಾದರೆ ಇದನ್ನು ಯಾಕೆ ಹಾಕಿದರು ಎಂಬ ಪ್ರಶ್ನೆ ಬರುತ್ತದೆ. ಆ ಪ್ರಶ್ನೆಗೆ ನಿಮ್ಮ ತಾರೀಖುಗಳು ಉತ್ತರ ಹೇಳಬೇಕು. ಈ ಲೇಖನದ ಹಂತಗಳೆಲ್ಲ ಇದೇ ಕ್ರಮದಲ್ಲಿವೆ.

1. ಏನು ದಾಖಲಾಗಿದೆ ಎಂದು ಮೊದಲು ತಿಳಿಯಿರಿ

'ನಿಮ್ಮ ಮೇಲೆ ಕಂಪ್ಲೇಂಟ್ ಇದೆ, ಸ್ಟೇಷನ್‌ಗೆ ಬನ್ನಿ' ಎಂಬ ಫೋನ್ ಬಂದರೆ ಅದು ಎಫ್‌ಐಆರ್ ಆಗಿರಬೇಕೆಂದೇನೂ ಇಲ್ಲ. ಬರೀ ಅರ್ಜಿ ವಿಚಾರಣೆ ಇರಬಹುದು. ಗಂಭೀರವಲ್ಲದ ಅಪರಾಧ ಎಂದು ಎನ್‌ಸಿಆರ್ (ಎಫ್‌ಐಆರ್ ಇಲ್ಲದೆ ಬರೀ ದೂರು ನಮೂದಿಸಿಕೊಳ್ಳುವುದು) ಮಾಡಿರಬಹುದು. ಪೊಲೀಸರು ದೂರು ತೆಗೆದುಕೊಳ್ಳದೆ, ಎದುರಿನವರು ಮ್ಯಾಜಿಸ್ಟ್ರೇಟ್ ಮುಂದೆ ಖಾಸಗಿ ದೂರು, ಅಂದರೆ ನಮ್ಮ ಕೋರ್ಟುಗಳಲ್ಲಿ ಎಲ್ಲರೂ ಪಿಸಿಆರ್ ಎನ್ನುವುದನ್ನು, ಹಾಕಿರಬಹುದು. ಒಂದೊಂದಕ್ಕೂ ದಾರಿ ಬೇರೆ.

ಎಫ್‌ಐಆರ್ ಆಗಿದ್ದರೆ ಅದರ ಪ್ರತಿ ಪಡೆಯಿರಿ. ಸೂಕ್ಷ್ಮ ಪ್ರಕರಣಗಳನ್ನು ಬಿಟ್ಟು ಉಳಿದ ಎಫ್‌ಐಆರ್‌ಗಳನ್ನು 24 ಗಂಟೆಯೊಳಗೆ ಪೊಲೀಸ್ ವೆಬ್‌ಸೈಟಿಗೆ ಹಾಕಬೇಕು ಎಂದು ಸುಪ್ರೀಂ ಕೋರ್ಟ್ 2016ರಲ್ಲಿ ಆದೇಶಿಸಿದೆ. ಎಫ್‌ಐಆರ್ ಜೊತೆಗೆ ಮೂಲ ದೂರಿನ ಪ್ರತಿಯೂ ಬೇಕು. ನಿಜವಾದ ಆರೋಪ ಇರುವುದು ಅದರಲ್ಲೇ.

ಇನ್ನೊಂದು ಮಾತು. ಜಮೀನು ಯಾರದು ಎಂದು ತೀರ್ಮಾನಿಸುವ ಅಧಿಕಾರ ಪೊಲೀಸರಿಗೆ ಇಲ್ಲ. ಸ್ಟೇಷನ್‌ನಲ್ಲಿ ಕೂತು 'ಇಷ್ಟು ದಿನದಲ್ಲಿ ಖಾಲಿ ಮಾಡುತ್ತೇನೆ', 'ಇಷ್ಟು ದುಡ್ಡು ವಾಪಸ್ ಕೊಡುತ್ತೇನೆ' ಎಂಬ ಮುಚ್ಚಳಿಕೆಗೆ ಸಹಿ ಹಾಕಬೇಡಿ. ಆಮೇಲೆ ಸಿವಿಲ್ ದಾವೆಯಲ್ಲಿ ಅದೇ ಹಾಳೆ ನಿಮ್ಮ ವಿರುದ್ಧ ಬರುತ್ತದೆ. ವಿಚಾರಣೆಗೆ ಹೋಗಿ, ದಾಖಲೆಗಳ ಜೆರಾಕ್ಸ್ ಕೊಟ್ಟು ಸ್ವೀಕೃತಿ ಪಡೆದು ಬನ್ನಿ.

2. ಬಂಧನದ ಭಯ ಮೊದಲು ಕಳೆಯಿರಿ

ರದ್ದು ಅರ್ಜಿಗೆ ಸಮಯ ಹಿಡಿಯುತ್ತದೆ. ಅಲ್ಲಿಯವರೆಗೆ ಹೊರಗೆ ಇರಬೇಕಲ್ಲ.

ಏಳು ವರ್ಷದವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಪೊಲೀಸರು ಕಂಡ ಕೂಡಲೇ ಬಂಧಿಸುವ ಹಾಗಿಲ್ಲ. ಬಂಧನ ಯಾಕೆ ಬೇಕು ಎಂಬ ಕಾರಣ ಬರೆಯಬೇಕು. ಬೇಡವಾದರೆ ಹಾಜರಾಗಲು ನೋಟಿಸ್ ಕೊಡಬೇಕು. 2014ರ ಅರ್ನೇಶ್ ಕುಮಾರ್ ತೀರ್ಪು ಇದನ್ನು ಗಟ್ಟಿ ಮಾಡಿತು. ಹಳೆಯ ಸಿಆರ್‌ಪಿಸಿ (ದಂಡ ಪ್ರಕ್ರಿಯಾ ಸಂಹಿತೆ) 41ಎ ನೋಟಿಸ್ ಈಗ, ಅದರ ಜಾಗಕ್ಕೆ ಬಂದ ಬಿಎನ್‌ಎಸ್‌ಎಸ್ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) 35(3) ಆಗಿದೆ. ನೋಟಿಸ್ ಬಂದರೆ ಹೋಗಲೇಬೇಕು. ಹೋಗದೇ ಇರುವುದೇ ಬಂಧನಕ್ಕೆ ಕಾರಣ ಆಗಬಹುದು. ಮನೆಯ ಹಿರಿಯರ ಹೆಸರನ್ನೂ ಸೇರಿಸಿದ್ದರೆ ಇದು ನೆನಪಿರಲಿ: ಮೂರು ವರ್ಷಕ್ಕಿಂತ ಕಡಿಮೆ ಶಿಕ್ಷೆಯ ಅಪರಾಧದಲ್ಲಿ 60 ವರ್ಷ ದಾಟಿದವರನ್ನು ಬಂಧಿಸಲು ಡಿವೈಎಸ್‌ಪಿ ದರ್ಜೆಯ ಅಥವಾ ಅದಕ್ಕೂ ಮೇಲಿನ ಅಧಿಕಾರಿಯ ಅನುಮತಿ ಬೇಕು.

ಕೆಲವು ದೂರುಗಳಲ್ಲಿ ಜಾಣತನದಿಂದ ಒಂದು ಸೆಕ್ಷನ್ ಜಾಸ್ತಿ ಸೇರಿಸಿರುತ್ತಾರೆ. ವಂಚನೆಗೆ ಗರಿಷ್ಠ ಏಳು ವರ್ಷ. ಕ್ರಯಪತ್ರದಂಥ ಬೆಲೆಬಾಳುವ ದಾಖಲೆಯ ಫೋರ್ಜರಿ ಎಂದು ಸೇರಿಸಿದರೆ ಜೀವಾವಧಿವರೆಗೆ ಹೋಗುತ್ತದೆ. ಅಲ್ಲಿಗೆ ನೋಟಿಸಿನ ರಕ್ಷಣೆ ಸಡಿಲವಾಗುತ್ತದೆ. ಹಾಗಿದ್ದರೆ ತಡ ಮಾಡದೆ ಸೆಷನ್ಸ್ ಕೋರ್ಟಿನಲ್ಲಿ ನಿರೀಕ್ಷಣಾ ಜಾಮೀನು ಕೇಳಿ. ಇದು ಈಗ ಬಿಎನ್‌ಎಸ್‌ಎಸ್ 482. ಹಳೆಯ ಕಾನೂನಿನಲ್ಲಿ ಇದೇ 482 ಎಫ್‌ಐಆರ್ ರದ್ದು ಮಾಡುವ ಸೆಕ್ಷನ್ ಆಗಿತ್ತು. ಹಾಗಾಗಿ ಹಳೆಯ ತೀರ್ಪು ಓದುವಾಗ ಗೊಂದಲ ಆಗುವುದು ಸಹಜ. ರದ್ದು ಮಾಡುವ ಅಧಿಕಾರ ಈಗ 528ರಲ್ಲಿದೆ.

3. ದೂರನ್ನು ಕೆಂಪು ಪೆನ್ನು ಹಿಡಿದು ಓದಿ

ಇಡೀ ಕೆಲಸದಲ್ಲಿ ಹೆಚ್ಚು ಸಮಯ ಕೊಡಬೇಕಾದ ಹಂತ ಇದು. ವಕೀಲರು ಓದುತ್ತಾರೆ ಬಿಡಿ ಅನ್ನಬೇಡಿ. ಜಮೀನಿನ ಕಥೆ ನಿಮಗೆ ಗೊತ್ತಿದ್ದಷ್ಟು ಅವರಿಗೆ ಗೊತ್ತಿರುವುದಿಲ್ಲ. ದೂರಿನಲ್ಲಿ ಹಾಕಿರುವ ಒಂದೊಂದು ಸೆಕ್ಷನ್ ತೆಗೆದುಕೊಂಡು, ಅದಕ್ಕೆ ಬೇಕಾದ ಅಂಶ ದೂರಿನ ಯಾವ ಸಾಲಿನಲ್ಲಿದೆ ಎಂದು ಹುಡುಕಿ.

ವಂಚನೆ. ಹಳೆಯ ಐಪಿಸಿ (ಭಾರತೀಯ ದಂಡ ಸಂಹಿತೆ) 420, ಅದರ ಜಾಗಕ್ಕೆ ಬಂದ ಈಗಿನ ಬಿಎನ್‌ಎಸ್ (ಭಾರತೀಯ ನ್ಯಾಯ ಸಂಹಿತೆ) 318(4). ಇದಕ್ಕೆ ಮೋಸದ ಉದ್ದೇಶ ಮೊದಲ ದಿನವೇ ಇರಬೇಕು. ಅಗ್ರಿಮೆಂಟ್ ಮಾಡಿ, ಆಮೇಲೆ ಮನಸ್ಸು ಬದಲಾಯಿಸಿ ರಿಜಿಸ್ಟರ್ ಮಾಡಿಕೊಡದಿದ್ದರೆ ಅದು ಮಾತು ತಪ್ಪಿದ್ದು. ಅದಕ್ಕೆ ಸಿವಿಲ್ ಕೋರ್ಟಿನಲ್ಲಿ ಪರಿಹಾರವಿದೆ. ಅಗ್ರಿಮೆಂಟ್ ಮಾಡುವ ದಿನವೇ ಆ ಜಮೀನನ್ನು ಬೇರೆಯವರಿಗೆ ಮಾರಿಯಾಗಿತ್ತು, ಅದನ್ನು ಮುಚ್ಚಿಟ್ಟು ಅಡ್ವಾನ್ಸ್ ಪಡೆದರು ಎಂದಾದರೆ ವಂಚನೆ. ಜಮೀನು ಮಾರಾಟದಿಂದಲೇ ಹುಟ್ಟಿದ ಹೃದಯ ರಂಜನ್ ಪ್ರಸಾದ್ ವರ್ಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2000ನೇ ಇಸವಿಯಲ್ಲಿ ಈ ಗೆರೆ ಎಳೆಯಿತು. ನಿಮ್ಮ ಮೇಲಿನ ದೂರಿನಲ್ಲಿ ಶುರುವಿನ ದಿನದ ಬಗ್ಗೆ ಏನಾದರೂ ಬರೆದಿದ್ದಾರಾ? 'ಆರೋಪಿ ಮೊದಲಿನಿಂದಲೂ ಮೋಸ ಮಾಡುವ ಉದ್ದೇಶ ಹೊಂದಿದ್ದು' ಎಂಬ ಅಚ್ಚು ವಾಕ್ಯ ಇದ್ದೇ ಇರುತ್ತದೆ. ಅದರ ಹಿಂದೆ ಒಂದು ಘಟನೆ, ಒಂದು ಸುಳ್ಳು ಮಾತು, ಒಂದು ಮುಚ್ಚಿಟ್ಟ ಕಾಗದ ಇದೆಯೇ ಎಂಬುದು ಮುಖ್ಯ.

ನಂಬಿಕೆ ದ್ರೋಹ. ಹಳೆಯ 406, ಈಗಿನ 316(2). ಇದಕ್ಕೆ ಆಸ್ತಿಯನ್ನು ನಿಮ್ಮ ಕೈಗೆ ನಂಬಿ ಒಪ್ಪಿಸಿರಬೇಕು. ಕ್ರಯದ ಅಡ್ವಾನ್ಸ್ ಹಾಗೆ ಒಪ್ಪಿಸಿದ್ದಲ್ಲ, ಅದು ಬೆಲೆಯ ಭಾಗ. ವಂಚನೆಯಲ್ಲಿ ಉದ್ದೇಶ ಮೊದಲೇ ಕೆಟ್ಟಿರಬೇಕು, ನಂಬಿಕೆ ದ್ರೋಹದಲ್ಲಿ ಮೊದಲು ನಂಬಿಕೆ ಇದ್ದು ಆಮೇಲೆ ಕೆಡಬೇಕು. ಒಂದೇ ಸಂಗತಿಗೆ ಎರಡೂ ಒಟ್ಟಿಗೆ ನಿಲ್ಲುವುದಿಲ್ಲ ಎಂದು 2024ರ ಡೆಲ್ಲಿ ರೇಸ್ ಕ್ಲಬ್ ತೀರ್ಪು ಹೇಳುತ್ತದೆ. ಆದರೂ ಇವತ್ತಿಗೂ ದೂರುಗಳಲ್ಲಿ ಎರಡನ್ನೂ ಜೋಡಿ ಎತ್ತಿನ ಹಾಗೆ ಕಟ್ಟಿಯೇ ಹೊಡೆಯುತ್ತಾರೆ.

ಫೋರ್ಜರಿ. 'ನಮ್ಮ ಜಮೀನನ್ನು ಅವರು ತಮ್ಮದೆಂದು ಹೇಳಿ ಮೂರನೆಯವರಿಗೆ ಕ್ರಯ ಮಾಡಿದ್ದಾರೆ, ಅದು ಫೋರ್ಜರಿ' ಎಂಬ ಆರೋಪ ತುಂಬಾ ಸಾಮಾನ್ಯ. 2009ರ ಮೊಹಮ್ಮದ್ ಇಬ್ರಾಹಿಂ ತೀರ್ಪನ್ನು ಇಲ್ಲಿ ಓದಲೇಬೇಕು. ಒಬ್ಬ ತನ್ನದೇ ಹೆಸರಿನಲ್ಲಿ, ತನ್ನದೇ ಸಹಿ ಹಾಕಿ, ತನ್ನದಲ್ಲದ ಆಸ್ತಿಯನ್ನು ಮಾರಿದರೆ ಅದು ಸುಳ್ಳು ದಾಖಲೆ ಸೃಷ್ಟಿ ಆಗುವುದಿಲ್ಲ. ಇನ್ನೊಬ್ಬರ ಹೆಸರಿನಲ್ಲಿ ಸಹಿ ಹಾಕಿದ್ದರೆ, ಬೇರೆಯವರಂತೆ ನಟಿಸಿದ್ದರೆ, ದಾಖಲೆ ತಿದ್ದಿದ್ದರೆ ಆಗುತ್ತದೆ. ಹಾಗೆ ಮಾರಿದಾಗ ಮೋಸ ಹೋದವನು ಕೊಂಡವನು. ಅವನು ದೂರು ಕೊಡಬಹುದು. ತಾನೇ ಮಾಲೀಕ ಎನ್ನುವ ಮೂರನೆಯವನಿಗೆ ವಂಚನೆ ಆಯಿತು ಎನ್ನಲು ಬರುವುದಿಲ್ಲ. ಅವನು ಹಕ್ಕು ಘೋಷಣೆಗೆ ಸಿವಿಲ್ ದಾವೆ ಹೂಡಬೇಕು.

ಪೌತಿ ಖಾತೆಯ, ಅಂದರೆ ಸತ್ತವರ ಖಾತೆಯನ್ನು ವಾರಸುದಾರರ ಹೆಸರಿಗೆ ಮಾಡಿಸುವುದರ, ತಕರಾರು ಸ್ವಲ್ಪ ಬೇರೆ. ವಂಶವೃಕ್ಷದಲ್ಲಿ ಅಕ್ಕತಂಗಿಯರ ಹೆಸರು ಬಿಟ್ಟು ಅಣ್ಣತಮ್ಮಂದಿರು ಖಾತೆ ಮಾಡಿಸಿಕೊಂಡ ಪ್ರಕರಣಗಳು ನಮ್ಮಲ್ಲಿ ಲೆಕ್ಕವಿಲ್ಲದಷ್ಟು. 'ಇದು ಪಾಲಿನ ಜಗಳ, ಸಿವಿಲ್' ಎಂದು ಸುಮ್ನೆ ಹೇಳಿದರೆ ಸಾಲದು. ಗೊತ್ತಿದ್ದೂ ಸುಳ್ಳು ಅಫಿಡವಿಟ್ ಕೊಟ್ಟಿದ್ದರೆ ಕೇಸು ರದ್ದಾಗುವ ಆಸೆ ಜಾಸ್ತಿ ಇಟ್ಟುಕೊಳ್ಳಬೇಡಿ.

ಅತಿಕ್ರಮ ಪ್ರವೇಶ. ಹಳೆಯ 447, ಈಗಿನ 329(3). ಜಾಗ ಬೇರೊಬ್ಬರ ಸ್ವಾಧೀನದಲ್ಲಿರಬೇಕು, ಮತ್ತು ಒಳಗೆ ಹೋದವರಿಗೆ ಅಪರಾಧ ಮಾಡುವ, ಬೆದರಿಸುವ, ಅವಮಾನಿಸುವ ಅಥವಾ ಕಿರುಕುಳ ಕೊಡುವ ಉದ್ದೇಶ ಇರಬೇಕು. ಪಹಣಿಯಲ್ಲಿ ನಿಮ್ಮ ಹೆಸರಿದ್ದು, ನೀವೇ ಉಳುತ್ತಿದ್ದ ಜಮೀನಿಗೆ ನೀವು ಹೋದರೆ ಅದು ಅತಿಕ್ರಮ ಹೇಗಾಗುತ್ತದೆ?

ಬೆದರಿಕೆ ಮತ್ತು ಬೈಗುಳದ ಸೆಕ್ಷನ್‌ಗಳು, ಹಳೆಯ 506 ಮತ್ತು 504, ಬಾಲಂಗೋಚಿಯಂತೆ ಎಲ್ಲ ದೂರಿಗೂ ಅಂಟಿಕೊಂಡೇ ಬರುತ್ತವೆ. ಯಾವ ದಿನ, ಎಲ್ಲಿ, ಯಾರ ಮುಂದೆ, ಏನೆಂದರು ಎಂಬುದು ಇದೆಯೇ ನೋಡಿ. ಮನೆಯ ಐದು ಜನರೂ ಒಂದೇ ಮಾತನ್ನು ಒಟ್ಟಿಗೆ ಬೈದರು ಎಂದು ಬರೆದಿದ್ದರೆ ಅದನ್ನೂ ಗುರುತು ಹಾಕಿ.

ಪರಿಶಿಷ್ಟ ಜಾತಿ, ಪಂಗಡಗಳ ಮೇಲಿನ ದೌರ್ಜನ್ಯ ತಡೆ ಕಾಯ್ದೆ ಸೇರಿಸಿದ್ದರೆ ವಿಷಯ ಸೂಕ್ಷ್ಮ. 2020ರ ಹಿತೇಶ್ ವರ್ಮಾ ಪ್ರಕರಣ ಜಮೀನಿನ ತಕರಾರಿನದೇ. ಬೈಗುಳ ಮನೆಯ ನಾಲ್ಕು ಗೋಡೆಯೊಳಗೆ ನಡೆದಿತ್ತು, ಸಾರ್ವಜನಿಕರ ಎದುರಿಗಲ್ಲ. ಜಗಳ ಆಸ್ತಿಗಾಗಿ, ಜಾತಿಯ ಕಾರಣಕ್ಕಲ್ಲ ಎಂದು ಸುಪ್ರೀಂ ಕೋರ್ಟ್ ಆ ಕಾಯ್ದೆಯ ಭಾಗವನ್ನಷ್ಟೇ ರದ್ದು ಮಾಡಿತು, ಉಳಿದ ಸೆಕ್ಷನ್‌ಗಳನ್ನು ಬಿಟ್ಟಿತು. ಆದರೆ ಪರಿಶಿಷ್ಟ ಜಾತಿ, ಪಂಗಡದವರ ಜಮೀನು ಕಬಳಿಸುವುದು, ಅವರನ್ನು ಒಕ್ಕಲೆಬ್ಬಿಸುವುದು ಅದೇ ಕಾಯ್ದೆಯಲ್ಲಿ ಪ್ರತ್ಯೇಕ ಅಪರಾಧ. ಅಂಥ ಕಬಳಿಕೆ ಹಳ್ಳಿಗಳಲ್ಲಿ ನಿಜವಾಗಿಯೂ ನಡೆಯುತ್ತದೆ. ಹಾಗಾಗಿ ಈ ದೂರುಗಳೆಲ್ಲ ಸುಳ್ಳು ಎಂಬ ಧಾಟಿಯಲ್ಲಿ ಅರ್ಜಿ ಬರೆಸಿದರೆ ಜಡ್ಜ್ ಮುಖ ಗಂಟಿಕ್ಕುವುದು ಖಂಡಿತ.

4. ತಾರೀಖುಗಳ ಪಟ್ಟಿ ಮಾಡಿ

ಒಂದು ಹಾಳೆ ತೆಗೆದುಕೊಳ್ಳಿ. ಎಡಕ್ಕೆ ತಾರೀಖು, ಮಧ್ಯದಲ್ಲಿ ಏನಾಯಿತು, ಬಲಕ್ಕೆ ಅದಕ್ಕಿರುವ ದಾಖಲೆ. ಬಣ್ಣನೆ ಬೇಡ.

ಒಂದು ಉದಾಹರಣೆ ಕಲ್ಪಿಸಿಕೊಳ್ಳೋಣ. 2018ರ ಜೂನ್‌ನಲ್ಲಿ ಎರಡು ಎಕರೆಗೆ ಅಗ್ರಿಮೆಂಟ್, 5 ಲಕ್ಷ ಅಡ್ವಾನ್ಸ್. ಬಾಕಿ ಹಣ ಕೊಟ್ಟು ರಿಜಿಸ್ಟರ್ ಮಾಡಿಸಿಕೊಳ್ಳಲು ಡಿಸೆಂಬರ್‌ವರೆಗೆ ಗಡುವು. ಬಾಕಿ ಬರಲಿಲ್ಲ. 2019ರ ಫೆಬ್ರುವರಿಯಲ್ಲಿ ಮಾಲೀಕರು ಅಗ್ರಿಮೆಂಟ್ ರದ್ದು ಎಂದು ಲಾಯರ್ ನೋಟಿಸ್ ಕಳಿಸಿದರು. ಎದುರಿನವರಿಂದ ಉತ್ತರವಿಲ್ಲ, ದಾವೆಯೂ ಇಲ್ಲ. ಅಷ್ಟರಲ್ಲಿ ಪಕ್ಕದಲ್ಲಿ ರಸ್ತೆ ಬಂತು, ಬೆಲೆ ಏರಿತು. 2024ರಲ್ಲಿ ಮಾಲೀಕರು ಬೇರೆಯವರಿಗೆ ಮಾರಿದರು. 2025ರಲ್ಲಿ ವಂಚನೆಯ ದೂರು.

ಈಗ ಪಟ್ಟಿ ಏನು ಹೇಳುತ್ತದೆ ನೋಡಿ. ಕರಾರು ಜಾರಿ ಮಾಡಿಸಲು ದಾವೆ ಹೂಡಲು ಗಡುವು ಮೂರು ವರ್ಷ. ಗಡುವಿನ ದಿನ ಅಗ್ರಿಮೆಂಟಿನಲ್ಲೇ ಇರುವುದರಿಂದ ಅಲ್ಲಿಂದಲೇ ಲೆಕ್ಕ. ಕೋವಿಡ್ ಕಾಲಕ್ಕೆಂದು ಸುಪ್ರೀಂ ಕೋರ್ಟ್ ಲೆಕ್ಕದಿಂದ ಬಿಟ್ಟ ಅವಧಿಯನ್ನು ಕಳೆದರೂ, ದೂರು ಕೊಡುವ ಹೊತ್ತಿಗೆ ಅದು ಮುಗಿದಿತ್ತು. ಸಿವಿಲ್ ಬಾಗಿಲು ಮುಚ್ಚಿದ ಮೇಲೆ, ಬೆಲೆ ಏರಿದ ಮೇಲೆ, ಪೊಲೀಸ್ ಬಾಗಿಲು ತಟ್ಟಿದ್ದಾರೆ. ದುರುದ್ದೇಶ ಎಂಬ ಪದವನ್ನೇ ಬಳಸದೆ ದುರುದ್ದೇಶ ಕಾಣುತ್ತದೆ.

ಇಂಥ ಇನ್ನೂ ಕೆಲವು ಗುರುತುಗಳನ್ನು ಹುಡುಕಿ. ತಡೆಯಾಜ್ಞೆ ಕೇಳಿ ಸಿಗದೇ ಹೋದ ವಾರದಲ್ಲೇ ದೂರು ಬಂದಿದೆಯೇ? ತಹಶೀಲ್ದಾರ್ ಅಥವಾ ಎಸಿ (ಉಪವಿಭಾಗಾಧಿಕಾರಿ) ಮುಂದೆ ಮ್ಯುಟೇಶನ್ ತಕರಾರು ಸೋತ ಮೇಲೆ ಬಂದಿದೆಯೇ? ಸರ್ವೆಯವರು ಹದ್ದುಬಸ್ತು ಮಾಡಿ (ಗಡಿ ಅಳೆದು ಗುರುತಿಸಿ) ಒತ್ತುವರಿ ಅವರದೇ ಎಂದು ತೋರಿಸಿದ ಮೇಲೆ ಬಂದಿದೆಯೇ? ಇದೇ ಆರೋಪದ ಮೇಲೆ ಹಿಂದೆ ಬೇರೆ ಸ್ಟೇಷನ್‌ನಲ್ಲಿ ದೂರು ಕೊಟ್ಟು ಮುಕ್ತಾಯವಾಗಿತ್ತೇ? ಸಿವಿಲ್ ದಾವೆಯ ಪ್ಲೇಂಟಿನಲ್ಲಿ, ಅಂದರೆ ದಾವಾ ಅರ್ಜಿಯಲ್ಲಿ, ಇಲ್ಲದ ಹಲ್ಲೆ, ಬೆದರಿಕೆ ಪೊಲೀಸ್ ದೂರಿನಲ್ಲಿ ಹುಟ್ಟಿಕೊಂಡಿವೆಯೇ? ಪ್ಲೇಂಟನ್ನೂ ದೂರನ್ನೂ ಪಕ್ಕಪಕ್ಕ ಇಟ್ಟು ಓದಿದರೆ ಸಿಗುವ ವ್ಯತ್ಯಾಸಗಳಷ್ಟು ಬೆಲೆಬಾಳುವುದು ಬೇರೆ ಯಾವುದೂ ಇಲ್ಲ. ಎರಡೂ ಎದುರಿನವರದೇ ಮಾತು. ಅವರು ಅಲ್ಲಗಳೆಯುವಂತಿಲ್ಲ.

ಕೇಸು ಸೇಡಿನದು ಎಂಬ ಆರೋಪ ಇದ್ದಾಗ ದೂರಿನ ಸಾಲುಗಳನ್ನಷ್ಟೇ ಓದಿದರೆ ಸಾಲದು, ಸಾಲುಗಳ ನಡುವೆಯೂ ಓದಬೇಕು, ಸುತ್ತಲಿನ ಸಂದರ್ಭ ನೋಡಬೇಕು ಎಂದು 2023ರ ಮಹಮೂದ್ ಅಲಿ ತೀರ್ಪು ಹೈಕೋರ್ಟುಗಳಿಗೆ ಹೇಳಿದೆ. ಚೆನ್ನಾಗಿ ದ್ವೇಷ ಸಾಧಿಸುವವನು ದೂರನ್ನೂ ಚೆನ್ನಾಗಿಯೇ ಬರೆಸಿರುತ್ತಾನೆ, ಬೇಕಾದ ಅಂಶವನ್ನೆಲ್ಲ ತುಂಬಿಸಿರುತ್ತಾನೆ ಎಂಬುದು ಅದರ ತರ್ಕ. ನಿಮ್ಮ ತಾರೀಖುಗಳ ಪಟ್ಟಿಗೆ ಬಲ ಬರುವುದು ಇಲ್ಲಿಂದ.

5. ದಾಖಲೆ ಜೋಡಿಸಿ, ಆದರೆ ಎಲ್ಲವನ್ನೂ ಅಲ್ಲ

ಹೈಕೋರ್ಟ್ ಈ ಹಂತದಲ್ಲಿ ಸಾಕ್ಷಿ ವಿಚಾರಣೆ ಮಾಡುವುದಿಲ್ಲ. ಎದುರಿನವರು ಪ್ರಶ್ನಿಸಲಾಗದಂಥ ದಾಖಲೆಯನ್ನು ಮಾತ್ರ ನೋಡುತ್ತದೆ. ನೋಂದಾಯಿತ ಕ್ರಯಪತ್ರ, ವಿಭಾಗ ಪತ್ರ, ಇಸಿ (ಋಣಭಾರ ಪತ್ರ), ಪಹಣಿ, ಎಂಆರ್ (ಮ್ಯುಟೇಶನ್ ರಿಜಿಸ್ಟರ್) ಪ್ರತಿ, ಸರ್ವೆ ನಕ್ಷೆ, ಸಿವಿಲ್ ಕೋರ್ಟಿನ ಪ್ಲೇಂಟು ಮತ್ತು ಆದೇಶ, ಬ್ಯಾಂಕ್ ಸ್ಟೇಟ್‌ಮೆಂಟ್. ಇವು ನಿಲ್ಲುತ್ತವೆ. ಪಹಣಿ ಭೂಮಿ ತಂತ್ರಾಂಶದಲ್ಲಿ, ಇಸಿ ನೋಂದಣಿ ಇಲಾಖೆಯ ಕಾವೇರಿ ತಂತ್ರಾಂಶದಲ್ಲಿ ಸಿಗುತ್ತದೆ. ಕೋರ್ಟಿನ ಕಾಗದಗಳಿಗೆ ದೃಢೀಕೃತ ನಕಲು ತೆಗೆಸಿ.

ಪಹಣಿಯ ನಮೂದು ಸರಿ ಎಂದೇ ಭಾವಿಸಬೇಕು, ತಪ್ಪೆಂದು ಸಾಬೀತಾಗುವವರೆಗೆ. ಕರ್ನಾಟಕ ಭೂ ಕಂದಾಯ ಕಾಯ್ದೆಯ 133ನೇ ಸೆಕ್ಷನ್ ಹಾಗೆ ಹೇಳುತ್ತದೆ. ಆದರೆ ಪಹಣಿ ಮಾಲೀಕತ್ವದ ಪತ್ರವಲ್ಲ. ಸ್ವಾಧೀನಕ್ಕೆ ಒಳ್ಳೆಯ ಆಧಾರ, ಅಷ್ಟೇ.

ಊರವರ ಹೇಳಿಕೆ, ವಾಟ್ಸಾಪ್ ಸಂದೇಶ, 'ಆ ದಿನ ನಾನು ಊರಲ್ಲೇ ಇರಲಿಲ್ಲ' ಎಂಬುದಕ್ಕೆ ಬಸ್ ಟಿಕೆಟ್. ಇವು ವಿಚಾರಣೆಗೆ ಬೇಕಾಗಬಹುದು, ಜೋಪಾನ ಮಾಡಿ. ರದ್ದು ಅರ್ಜಿಯಲ್ಲಿ ತುರುಕಿದರೆ ಕೇಸು ದುರ್ಬಲವಾಗಿ ಕಾಣುತ್ತದೆ. ಸಾಕ್ಷಿ ತೂಗಬೇಕಾದ ವಿಷಯ ಇದು, ಟ್ರಯಲ್‌ನಲ್ಲಿ ಹೇಳಿ ಎಂದು ಕಳಿಸಿಬಿಡಲು ನೀವೇ ಕಾರಣ ಕೊಟ್ಟಂತೆ.

6. ಯಾವ ಬಾಗಿಲು?

ತನಿಖೆ ಇನ್ನೂ ನಡೆಯುತ್ತಿದ್ದು, ತನಿಖಾಧಿಕಾರಿ ಕಾಗದ ನೋಡುವ ಮನಸ್ಸಿನವರಾಗಿದ್ದರೆ, ದಾಖಲೆ ಕೊಟ್ಟು ಬಿ ರಿಪೋರ್ಟ್ (ಆರೋಪಕ್ಕೆ ಆಧಾರವಿಲ್ಲ ಎಂದು ಪೊಲೀಸರು ಕೇಸು ಮುಗಿಸುವ ವರದಿ) ಆಗುವಂತೆ ಪ್ರಯತ್ನಿಸುವುದು ಖರ್ಚು ಕಡಿಮೆಯ ದಾರಿ. ದೂರುದಾರರು ಅದಕ್ಕೆ ತಕರಾರು ಅರ್ಜಿ ಹಾಕಬಹುದು. ಅದಕ್ಕೂ ಸಿದ್ಧರಿರಿ.

ಪಿಸಿಆರ್ ಆಗಿದ್ದರೆ ಎರಡು ವಿಷಯ ನೋಡಿ. ಪೊಲೀಸ್ ತನಿಖೆಗೆ ಆದೇಶಿಸುವಂತೆ ಮ್ಯಾಜಿಸ್ಟ್ರೇಟರನ್ನು ಕೇಳುವಾಗ ಅಫಿಡವಿಟ್ ಇರಬೇಕು, ಮೊದಲು ಸ್ಟೇಷನ್‌ಗೆ, ಆಮೇಲೆ ಎಸ್‌ಪಿಗೆ ದೂರು ಕೊಟ್ಟಿರಬೇಕು. 2015ರ ಪ್ರಿಯಾಂಕಾ ಶ್ರೀವಾಸ್ತವ ತೀರ್ಪಿನ ಈ ನಿಯಮ ಈಗ ಬಿಎನ್‌ಎಸ್‌ಎಸ್ 175(3)ರಲ್ಲೇ ಸೇರಿದೆ. ಈ ಮೆಟ್ಟಿಲು ಹಾರಿದ್ದರೆ ಅದೇ ಒಂದು ಗಟ್ಟಿ ಅಂಶ. ಎರಡನೆಯದು, ಬಿಎನ್‌ಎಸ್‌ಎಸ್ 223ರ ಪ್ರಕಾರ ಖಾಸಗಿ ದೂರಿನಲ್ಲಿ ಆರೋಪಿಯ ಮಾತು ಕೇಳದೆ ಮ್ಯಾಜಿಸ್ಟ್ರೇಟ್ ಅಪರಾಧದ ಸಂಜ್ಞಾನ ತೆಗೆದುಕೊಳ್ಳುವಂತಿಲ್ಲ, ಅಂದರೆ ಕೇಸನ್ನು ವಿಚಾರಣೆಗೆ ಕೈಗೆತ್ತಿಕೊಳ್ಳುವಂತಿಲ್ಲ. ಹಳೆಯ ಕಾನೂನಿನಲ್ಲಿ ಈ ಅವಕಾಶ ಇರಲಿಲ್ಲ. ನೋಟಿಸ್ ಬಂದರೆ ಕೈ ಕಟ್ಟಿ ಕೂರಬೇಡಿ, ತಾರೀಖುಗಳ ಪಟ್ಟಿ ಸಮೇತ ಹೋಗಿ.

ಚಾರ್ಜ್‌ಶೀಟ್ ಆಗಿಬಿಟ್ಟಿದ್ದರೆ ಮ್ಯಾಜಿಸ್ಟ್ರೇಟ್ ಕೋರ್ಟಿನಲ್ಲೇ ಬಿಡುಗಡೆ ಕೋರಿ ಡಿಸ್ಚಾರ್ಜ್ ಅರ್ಜಿ ಹಾಕಬಹುದು. ದಾಖಲೆಗಳ ಪ್ರತಿ ಕೈಗೆ ಬಂದ 60 ದಿನದೊಳಗೆ ಎಂದು ಬಿಎನ್‌ಎಸ್‌ಎಸ್ 262 ಹೇಳುತ್ತದೆ. ಚಾರ್ಜ್‌ಶೀಟ್ ಆದಮೇಲೆ ಹೈಕೋರ್ಟಿಗೆ ಹೋಗಲು ಬರುವುದಿಲ್ಲ ಎಂದು ಯಾರಾದರೂ ಹೇಳಿದರೆ ನಂಬಬೇಡಿ. 2018ರ ಆನಂದ್ ಕುಮಾರ್ ಮೊಹತ್ತಾ ಪ್ರಕರಣ, ಅದೂ ಆಸ್ತಿ ಅಭಿವೃದ್ಧಿ ಒಪ್ಪಂದದ ಜಗಳ, ಹೋಗಬಹುದು ಎಂದು ಸ್ಪಷ್ಟ ಮಾಡಿದೆ.

7. ಹೈಕೋರ್ಟಿನ ಅರ್ಜಿ

ನಿಮ್ಮ ಜಿಲ್ಲೆಗೆ ತಕ್ಕಂತೆ ಬೆಂಗಳೂರು, ಧಾರವಾಡ ಅಥವಾ ಕಲಬುರಗಿ ಪೀಠದಲ್ಲಿ ಕ್ರಿಮಿನಲ್ ಪಿಟಿಷನ್ ಸಲ್ಲಿಸಬೇಕು. ಸ್ಟೇಷನ್ ಮೂಲಕ ಸರ್ಕಾರ ಒಂದನೇ ಎದುರುದಾರ, ದೂರುದಾರರು ಎರಡನೆಯವರು. ಘಟನೆ 2024ರ ಜುಲೈ 1ಕ್ಕಿಂತ ಹಿಂದಿನದಾದರೆ ಅಪರಾಧದ ಸೆಕ್ಷನ್‌ಗಳು ಐಪಿಸಿಯವೇ ಇರುತ್ತವೆ.

ಅರ್ಜಿ ಚಿಕ್ಕದಿರಲಿ. ಮೊದಲು ತಾರೀಖುಗಳ ಪಟ್ಟಿ, ಆಮೇಲೆ ದೂರಿನಲ್ಲಿ ಏನಿದೆ, ಆಮೇಲೆ ಯಾವ ಸೆಕ್ಷನ್‌ಗೆ ಯಾವ ಅಂಶ ಇಲ್ಲ, ಕೊನೆಗೆ ದುರುದ್ದೇಶ. ಈ ಕ್ರಮ ತಿರುಗಿಸಬೇಡಿ. ಬಾಕಿ ಇರುವ ದಾವೆ, ಹಿಂದಿನ ದೂರು, ಜಾಮೀನು ಅರ್ಜಿ, ನಿಮಗೆ ವಿರುದ್ಧವಾದ ಆದೇಶ, ಎಲ್ಲವನ್ನೂ ಹೇಳಿ. ಮುಚ್ಚಿಟ್ಟದ್ದು ಎದುರಿನ ವಕೀಲರ ಬಾಯಿಂದ ಬಂದರೆ, ದುರುದ್ದೇಶದ ಮಾತಾಡುವ ನೈತಿಕತೆ ನಿಮಗೆ ಉಳಿಯುವುದಿಲ್ಲ.

ಕರ್ನಾಟಕದ್ದೇ ಒಂದು ತೀರ್ಪು ನಿಮ್ಮ ವಕೀಲರಿಗೆ ನೆನಪಿಸಿ: 2021ರ ಮಿತೇಶ್ ಕುಮಾರ್ ಶಾ ಪ್ರಕರಣ. ಜಂಟಿ ಅಭಿವೃದ್ಧಿ ಒಪ್ಪಂದದಲ್ಲಿ ಬಿಲ್ಡರ್ ಪಾಲಿಗಿಂತ ಹೆಚ್ಚು ಫ್ಲ್ಯಾಟ್ ಮಾರಿದ ಎಂಬ ದೂರು. ಹೈಕೋರ್ಟ್ ರದ್ದು ಮಾಡಲು ಒಪ್ಪಿರಲಿಲ್ಲ. ಇದು ಕರಾರಿನ ತಕರಾರು, ವಂಚನೆಯ ಅಂಶ ಇಲ್ಲ ಎಂದು ಸುಪ್ರೀಂ ಕೋರ್ಟ್ ರದ್ದು ಮಾಡಿತು. ಜೊತೆಗೆ 2012ರ ಪರಮ್‌ಜೀತ್ ಬಾತ್ರಾ ತೀರ್ಪು: ಸಿವಿಲ್ ತಕರಾರಿಗೆ ಕ್ರಿಮಿನಲ್ ಬಣ್ಣ ಬಳಿದಿದ್ದಾರೆಯೇ ಎಂದು ಹೈಕೋರ್ಟ್ ನೋಡಲೇಬೇಕು ಎನ್ನುತ್ತದೆ ಅದು.

ಮಧ್ಯಂತರ ತಡೆ ಮೊದಲ ದಿನವೇ ಸಿಗುತ್ತದೆ ಎಂದು ಎಣಿಸಬೇಡಿ. ತನಿಖೆಯನ್ನು ಅರ್ಧದಲ್ಲೇ ತಡೆಯುವುದು, ಕಾರಣ ಕೊಡದೆ 'ಬಲವಂತದ ಕ್ರಮ ಬೇಡ' ಎನ್ನುವುದು ಸರಿಯಲ್ಲ ಎಂದು 2021ರ ನೀಹಾರಿಕಾ ತೀರ್ಪು ಹೈಕೋರ್ಟುಗಳಿಗೆ ಎಚ್ಚರಿಕೆ ಕೊಟ್ಟಿದೆ. ಎರಡನೇ ಹಂತದ ಕೆಲಸ ಮೊದಲು ಮುಗಿಸಿ ಎಂದದ್ದು ಇದಕ್ಕೇ.

ತೀರ್ಪು ಪೂರ್ತಿ ನಿಮ್ಮ ಕಡೆಗೇ ಬರಬೇಕೆಂದೂ ಇಲ್ಲ. ಕೆಲವು ಸೆಕ್ಷನ್ ರದ್ದಾಗಿ ಕೆಲವು ಉಳಿಯಬಹುದು, ಕೆಲವು ಆರೋಪಿಗಳ ಮಟ್ಟಿಗೆ ಮಾತ್ರ ರದ್ದಾಗಬಹುದು. ಮನೆಯ ವಯಸ್ಸಾದವರ, ಹೊರಗಿರುವ ಹೆಣ್ಣುಮಕ್ಕಳ ಹೆಸರು ತೆಗೆಸುವುದೇ ಕೆಲವೊಮ್ಮೆ ದೊಡ್ಡ ಗೆಲುವು.

8. ರದ್ದಾಗದ ಕೇಸುಗಳು

'ಸಿವಿಲ್ ದಾವೆ ಬಾಕಿ ಇದೆ, ಆದ್ದರಿಂದ ಕ್ರಿಮಿನಲ್ ಕೇಸು ನಡೆಯುವಂತಿಲ್ಲ' ಎಂಬ ವಾದ ಬಹಳ ಜನಪ್ರಿಯ, ಮತ್ತು ತಪ್ಪು. ಒಂದೇ ಘಟನೆ ಸಿವಿಲ್ ತಕರಾರೂ ಆಗಬಹುದು, ಅಪರಾಧವೂ ಆಗಬಹುದು. ಕರ್ನಾಟಕದಿಂದಲೇ ಹೋದ ಕೆ. ಜಗದೀಶ್ ಮತ್ತು ಉದಯ ಕುಮಾರ್ ಪ್ರಕರಣದಲ್ಲಿ, ಮೋಸದಿಂದ ಕ್ರಯಪತ್ರ ಬರೆಸಿಕೊಂಡರು ಎಂಬ ದೂರನ್ನು ಹೈಕೋರ್ಟ್ ರದ್ದು ಮಾಡಿತ್ತು. 2020ರಲ್ಲಿ ಸುಪ್ರೀಂ ಕೋರ್ಟ್ ಆ ಆದೇಶವನ್ನೇ ತೆಗೆದುಹಾಕಿತು.

ಸಹಿ ತನ್ನದಲ್ಲ ಎಂದು ದೂರುದಾರರು ಹೇಳುತ್ತಿದ್ದು, ಅದು ಪ್ರಯೋಗಾಲಯಕ್ಕೆ ಹೋಗಬೇಕಾದ ಪ್ರಶ್ನೆ ಆಗಿದ್ದರೆ ರದ್ದು ಕಷ್ಟ. ಸತ್ತವರ ಹೆಸರಿನಲ್ಲಿ ಜಿಪಿಎ (ಮುಖ್ತ್ಯಾರ ಪತ್ರ) ಇದ್ದರೆ, ಬೇರೆಯವರನ್ನು ಮಾಲೀಕರೆಂದು ಸಬ್ ರಿಜಿಸ್ಟ್ರಾರ್ ಮುಂದೆ ನಿಲ್ಲಿಸಿದ್ದರೆ, ಒಂದೇ ಸೈಟನ್ನು ಇಬ್ಬರಿಗೆ ಮಾರಿದ್ದರೆ ಆಗುವುದಿಲ್ಲ. ಗಾಯದ ವೈದ್ಯಕೀಯ ದಾಖಲೆ ಇರುವ ಹೊಡೆದಾಟದಲ್ಲಿ, ಜಮೀನು ನಿಮ್ಮದೇ ಆಗಿದ್ದರೂ, ಹಲ್ಲೆಯ ಭಾಗ ಉಳಿಯುತ್ತದೆ. ಇಂಥ ಕೇಸಿಗೂ 'ಗ್ಯಾರಂಟಿ ಕ್ವಾಶ್' ಎಂದು ಭರವಸೆ ಕೊಡುವವರಿಂದ ದೂರ ಇರಿ.

9. ರಾಜಿ, ಅಥವಾ ತಿರುಗಿ ಬೀಳುವುದು

ಸಿವಿಲ್ ಸ್ವರೂಪದ ಜಗಳ ರಾಜಿಯಾದರೆ ಹೈಕೋರ್ಟ್ ಕೇಸನ್ನು ರದ್ದು ಮಾಡಬಹುದು. 2012ರ ಗ್ಯಾನ್ ಸಿಂಗ್ ತೀರ್ಪಿನಿಂದ ಈ ದಾರಿ ಗಟ್ಟಿಯಾಗಿದೆ. ರಾಜಿ ಮಾಡುವಾಗ ಸಿವಿಲ್ ದಾವೆಯ ರಾಜಿ ಅರ್ಜಿ ಮತ್ತು ಹೈಕೋರ್ಟಿನ ಜಂಟಿ ಅರ್ಜಿ ಒಟ್ಟಿಗೇ ನಡೆಯಲಿ. ಮೊದಲು ಜಮೀನು ಬಿಟ್ಟುಕೊಡಿ, ಕೇಸು ಆಮೇಲೆ ವಾಪಸ್ ಎಂಬ ಮಾತಿಗೆ ಒಪ್ಪಬೇಡಿ.

ಸುಳ್ಳು ದೂರು ಕೊಟ್ಟವರ ಮೇಲೆ ಕ್ರಮಕ್ಕೂ ಅವಕಾಶವಿದೆ. ಬಿಎನ್‌ಎಸ್ 217 ಮತ್ತು 248 ಸುಳ್ಳು ಮಾಹಿತಿ, ಸುಳ್ಳು ಆರೋಪಕ್ಕೆ ಶಿಕ್ಷೆ ಹೇಳುತ್ತವೆ. ದುರುದ್ದೇಶದ ಪ್ರಾಸಿಕ್ಯೂಷನ್ ಎಂದು ನಷ್ಟ ಪರಿಹಾರಕ್ಕೆ ಸಿವಿಲ್ ದಾವೆ ಹೂಡಬಹುದು, ಕೇಸು ಮುಗಿದ ಒಂದು ವರ್ಷದೊಳಗೆ. ನನ್ನ ಅಭಿಪ್ರಾಯ ಕೇಳಿದರೆ, ಒಂದೇ ದೂರಿನ ವಿಷಯದಲ್ಲಿ ಇದು ಇನ್ನೂ ಹತ್ತು ವರ್ಷದ ಅಲೆದಾಟ. ಒಂದು ರದ್ದಾದ ಕೂಡಲೇ ಇನ್ನೊಂದು ಹಾಕುವ ಎದುರಾಳಿ ಆದರೆ ಮಾತ್ರ ಯೋಚಿಸಿ.

10. ಆದೇಶ ಸಿಕ್ಕ ಮೇಲೆ

ಹೈಕೋರ್ಟಿನ ಆದೇಶದ ದೃಢೀಕೃತ ನಕಲು ತೆಗೆಸಿ ಮ್ಯಾಜಿಸ್ಟ್ರೇಟ್ ಕೋರ್ಟಿಗೂ ಸ್ಟೇಷನ್‌ಗೂ ಕೊಟ್ಟು ಸ್ವೀಕೃತಿ ಪಡೆಯಿರಿ. ಹಳೆಯ ವಾರಂಟ್ ಏನಾದರೂ ಉಳಿದಿದ್ದರೆ ಅದನ್ನು ವಾಪಸ್ ಪಡೆಯುವ ಆದೇಶ ಮಾಡಿಸಿ. ಪಾಸ್‌ಪೋರ್ಟ್ ಅಥವಾ ಸರ್ಕಾರಿ ಕೆಲಸದ ಪೊಲೀಸ್ ಪರಿಶೀಲನೆಯಲ್ಲಿ ಹಳೆಯ ಎಫ್‌ಐಆರ್ ಕಂಡರೆ ಈ ನಕಲೇ ಉತ್ತರ. ಮನೆಯಲ್ಲಿ ಕ್ರಯಪತ್ರ ಇಡುವ ಕಡೆಯೇ ಒಂದು ಪ್ರತಿ ಇಡಿ.

ಕೇಸು ರದ್ದಾಯಿತೆಂದರೆ ಜಮೀನು ನಿಮ್ಮದೆಂದು ತೀರ್ಮಾನವಾಯಿತು ಎಂದಲ್ಲ. ಹೈಕೋರ್ಟ್ ಆ ಪ್ರಶ್ನೆಯನ್ನು ಮುಟ್ಟಿರುವುದಿಲ್ಲ. ಮೂಲ ದಾವೆ ಕೆಳಗಿನ ಕೋರ್ಟಿನಲ್ಲಿ ಹಾಗೇ ನಡೆಯುತ್ತಿರುತ್ತದೆ. ಎದುರಿನವರು ಇನ್ನೂ ದಾವೆ ಹೂಡಿರದಿದ್ದರೆ ಕೆವಿಯಟ್ ಹಾಕಿಡಿ. ಅದು 90 ದಿನ ನಡೆಯುತ್ತದೆ, ನಿಮ್ಮ ಮಾತು ಕೇಳದೆ ತಡೆಯಾಜ್ಞೆ ಕೊಡುವುದನ್ನು ತಪ್ಪಿಸುತ್ತದೆ. ದಾವೆ ಇದ್ದರೆ ಅದರ ಮುಂದಿನ ವಾಯಿದೆ ಯಾವತ್ತು ಎಂದು ವಕೀಲರನ್ನು ಕೇಳಿ ಬರೆದಿಟ್ಟುಕೊಳ್ಳಿ.